ಗುರುವಾರದ ಗೈರುಹಾಜರಿ

ಗೌರಿಬಿದನೂರು
6 ಅಕ್ಟೋಬರ್ 2024

ಪ್ರೀತಿಯ ಯಾಮಿನಿ,

ಈ ಕಾಗದವನ್ನು ಕಮಲಮ್ಮನವರ ಹೊಲಿಗೆ ಅಂಗಡಿಯ ವಿಳಾಸಕ್ಕೆ ಹಾಕುತ್ತಿದ್ದೇನೆ. ನಮ್ಮ ಕಾಲೇಜಿನ ಹುಡುಗಿಯರಿಗೆಲ್ಲ ಯೂನಿಫಾರ್ಮ್ ಹೊಲಿದುಕೊಟ್ಟವರು ಅವರೇ ಅಲ್ಲವೇ, ನಂಬರು ನನ್ನ ಹತ್ತಿರ ಇತ್ತು. ಫೋನ್ ಮಾಡಿದೆ. "ದಿನಾ ಮಧ್ಯಾಹ್ನ ನನ್ ಹತ್ರ ಹೊಲ್ಗೆ ಕಲಿಯೋಕೆ ಬರ್ತಾಳೆ ಮೇಡಂ. ಫೋನ್ ಅವ್ಳ ಕೈಗೆ ಕೊಡ್ಬೇಡಿ ಅಂತ ಅವ್ರಣ್ಣ ಹೇಳವ್ನೆ. ಕಾಗ್ದದ ವಿಷ್ಯ ಏನೂ ಹೇಳಿಲ್ಲ" ಎಂದರು. ನಗುತ್ತ ಹೇಳಿದರೋ ಹೆದರಿ ಹೇಳಿದರೋ ಗೊತ್ತಾಗಲಿಲ್ಲ.

ಸೆಪ್ಟೆಂಬರ್ ಹದಿನಾರರಿಂದ ನೀನು ತರಗತಿಗೆ ಬಂದಿಲ್ಲ. ಮೈಗೆ ಹುಷಾರಿಲ್ಲವೇ? ಸೆಕೆಂಡ್ ಪಿಯುಸಿ ಪರೀಕ್ಷೆಗೆ ಹೆಸರು ನೋಂದಾಯಿಸುವ ದಿನ ಹತ್ತಿರ ಬರುತ್ತಿದೆ. ಅರ್ಥಶಾಸ್ತ್ರದಲ್ಲಿ ಇಡೀ ತರಗತಿಯಲ್ಲಿ ನಿನ್ನಷ್ಟು ಚೆನ್ನಾಗಿ ಬರೆಯುವವರು ಯಾರೂ ಇರಲಿಲ್ಲ. ಹೀಗೆ ಅರ್ಧಕ್ಕೆ ಬಿಡಬಾರದು.

ನಾನೂ ಶಿಡ್ಲಘಟ್ಟದ ಕಾಲೇಜು ಬಿಟ್ಟೆ. ತಂದೆಯವರಿಗೆ ವಯಸ್ಸಾಯಿತು, ಮನೆ ಇಲ್ಲೇ ಇದೆ, ಅದಕ್ಕೆ. ಹೊಸ ಕಾಲೇಜಿನಲ್ಲಿ ಮೇಷ್ಟ್ರುಗಳೂ ಬೆಳಿಗ್ಗೆ ಮೊಬೈಲಿನಲ್ಲಿ ಮುಖ ತೋರಿಸಿ ಹಾಜರಿ ಹಾಕಬೇಕು. ಕಣ್ಣು ಮಿಟುಕಿಸು ಎನ್ನುತ್ತದೆ, ಮಿಟುಕಿಸಿದರೆ ಹಸಿರು ಗೆರೆ ಬರುತ್ತದೆ.

ಏನಾಯಿತು ಎಂದು ಬರೆ. ಯಾರಿಗೂ ಹೇಳುವುದಿಲ್ಲ.

ನಿನ್ನ ಮೇಡಂ,
ಶ್ರೀವಲ್ಲಿ


ಮೇಲೂರು
17 ಅಕ್ಟೋಬರ್ 2024

ಮೇಡಂ, ನಮಸ್ಕಾರ.

ನಿಮ್ಮ ಕಾಗದವನ್ನು ಕಮಲಕ್ಕ ರವಿಕೆ ಬಟ್ಟೆಯೊಳಗೆ ಮಡಚಿ ಕೊಟ್ಟರು. ಅಂಗಡಿಯಲ್ಲೇ ಕೂತು ಎರಡು ಸಲ ಓದಿ ಅವರ ಒಲೆಗೇ ಹಾಕಿದೆ. ಬೇಜಾರು ಮಾಡಿಕೊಳ್ಳಬೇಡಿ. ಮನೆಗೆ ಹೋದ ಕೂಡಲೇ ಅಣ್ಣ ಬ್ಯಾಗು ನೋಡುತ್ತಾನೆ. ಇದನ್ನೂ ಇಲ್ಲೇ, ಬಟ್ಟೆ ಅಳತೆ ಗುರುತು ಹಾಕುವ ಕಂದು ಹಾಳೆಯ ಮೇಲೆ ಬರೆಯುತ್ತಿದ್ದೇನೆ.

ನನ್ನ ಮೈಗೆ ಏನೂ ಆಗಿಲ್ಲ.

ನನಗೊಬ್ಬ ಅಕ್ಕ ಇದ್ದಾಳೆ ಮೇಡಂ, ಪದ್ಮಶ್ರೀ. ಕಾಲೇಜಿನ ಫಾರಂನಲ್ಲಿ ಒಡಹುಟ್ಟಿದವರು ಅನ್ನುವ ಕಡೆ ರಮೇಶ್‌ಬಾಬು ಅಂತ ಅಣ್ಣನ ಹೆಸರು ಮಾತ್ರ ಬರೆಸಿದ್ದರು. ಅಮ್ಮ ಹೋದಾಗ ನನಗೆ ಆರು ವರ್ಷ. ಆಮೇಲೆ ನನಗೆ ತಲೆ ಬಾಚಿದ್ದು, ಅಕ್ಷರ ತಿದ್ದಿಸಿದ್ದು ಅಕ್ಕನೇ. ಎರಡು ವರ್ಷದ ಹಿಂದೆ ನಮ್ಮ ಬೋರ್‌ವೆಲ್ ಮೋಟರು ರಿಪೇರಿಗೆ ಬರುತ್ತಿದ್ದ ವೇಣು ಎನ್ನುವವರ ಜೊತೆ ಹೋಗಿ ಮದುವೆಯಾದಳು. ಅವರು ನಮ್ಮ ಜನ ಅಲ್ಲ. ಅಪ್ಪ ಸುದ್ದಿ ಕೇಳಿದ ದಿನ ತಲೆಗೆ ನೀರು ಹಾಕಿಕೊಂಡು ಬಂದು, "ನಂಗೆ ಇರೋದು ಒಬ್ಳೇ ಮಗ್ಳು" ಅಂದರು. ಅಷ್ಟೇ. ಅವರು ಎಲ್ಲಿದ್ದಾರೆ ಅಂತ ಯಾರಿಗೂ ಗೊತ್ತಿರಲಿಲ್ಲ.

ಈ ಜೂನ್‌ನಲ್ಲಿ ಅಕ್ಕ ನನ್ನ ಬೆಂಚಿನ ಚೈತನ್ಯಳ ಫೋನಿಗೆ ಮೆಸೇಜು ಮಾಡಿದಳು. ಚಿಂತಾಮಣಿಯಲ್ಲಿದ್ದಳು. ಭಾವ ಮೋಟರಿಗೆ ತಂತಿ ಸುತ್ತುವ ಅಂಗಡಿ ಇಟ್ಟಿದ್ದರು. ಹೆಣ್ಣು ಮಗು ಆಗಿತ್ತು. ಗುರುವಾರ ಮಧ್ಯಾಹ್ನ ಎರಡೇ ಪೀರಿಯಡ್ ಇರುತ್ತಿತ್ತಲ್ಲ ಮೇಡಂ, ಅವನ್ನು ತಪ್ಪಿಸಿ ಹೋಗಿ ಐದು ಗಂಟೆ ಬಸ್ಸಿಗೆ ವಾಪಸ್ ಬರುತ್ತಿದ್ದೆ. ಬಸ್ಸು ನಮಗೆ ಫ್ರೀ, ಯಾರ ಹತ್ತಿರ ಏನೂ ಕೇಳಬೇಕಾಗಿರಲಿಲ್ಲ. ಒಟ್ಟು ಒಂಬತ್ತು ಸಲ ಹೋದೆ. ಮಗು ನನ್ನ ಬೆರಳು ಹಿಡಿದರೆ ಬಿಡುತ್ತಿರಲಿಲ್ಲ.

ಸೆಪ್ಟೆಂಬರ್ ಹನ್ನೆರಡಕ್ಕೂ ಹೋದೆ. ಅಣ್ಣ ಚಿಂತಾಮಣಿ ಬಸ್‌ಸ್ಟ್ಯಾಂಡಿನಲ್ಲಿ ಮೊದಲೇ ಬಂದು ನಿಂತಿದ್ದ. ನನಗೆ ಗೊತ್ತಾಗಲಿಲ್ಲ. ಅವನು ಮನೆ ನೋಡಿಕೊಂಡು ಸುಮ್ಮನೆ ಬಂದುಬಿಟ್ಟ. ಭಾನುವಾರ ಅಪ್ಪ, ಅಣ್ಣ, ಚಿಕ್ಕಪ್ಪ ಹೂವು ಹಣ್ಣು ತಗೊಂಡು ಅಕ್ಕನ ಮನೆಗೆ ಹೋದರು. ಬೈಯಲಿಲ್ಲವಂತೆ. ಕಾಫಿ ಕುಡಿದರಂತೆ. ಬಂದ ಮೇಲೆ ಅಣ್ಣ ನನಗೆ ಹೇಳಿದ: "ನಿನ್ ಹಿಂದಿಂದೆನೇ ಬಂದೆ ಕಣಮ್ಮ. ಒಂದ್ ಸತಿನಾದ್ರೂ ತಿರುಗಿ ನೋಡಿದ್ಯಾ?"

ಬುಧವಾರ ಎರಡು ಬೈಕಿನಲ್ಲಿ ಬಂದವರು ಭಾವನನ್ನು ಅಂಗಡಿಯಲ್ಲೇ ಹೊಡೆದರು. ಬಲಗೈ ಮಣಿಕಟ್ಟು ಮುರಿದಿದೆ. ತಂತಿ ಸುತ್ತುವ ಕೈ. ನಮಗೂ ಅದಕ್ಕೂ ಸಂಬಂಧ ಇಲ್ಲ ಅಂತ ಅಪ್ಪ ಹೇಳುತ್ತಾರೆ. ಶುಕ್ರವಾರದ ಹೊತ್ತಿಗೆ ಅಕ್ಕನ ಮನೆಗೆ ಬೀಗ. ಫೋನು ಸ್ವಿಚ್ ಆಫ್. ಎಲ್ಲಿಗೆ ಹೋದರೋ ಗೊತ್ತಿಲ್ಲ.

ಹೋಗುವ ಮುಂಚೆ ಅಕ್ಕ ಚೈತನ್ಯಳಿಗೆ ವಾಯ್ಸ್ ಮೆಸೇಜು ಕಳಿಸಿದ್ದಳು. ಚೈತನ್ಯ ಅದನ್ನು ಕಮಲಕ್ಕನ ಅಂಗಡಿಗೆ ಬಂದು ಕೇಳಿಸಿದಳು. "ನಿನ್ನೊಬ್ಳನ್ನ ನಂಬಿದ್ದೆ ಕಣೇ ಯಾಮಿ. ನೀನೇ ಕರ್ಕೊಂಡು ಬಂದ್ಯಲ್ಲೇ." ಇಷ್ಟೇ ಇತ್ತು.

ನಾನು ಚಿಂತಾಮಣಿಗೆ ಹೋಗುವುದು ಗೊತ್ತಿದ್ದದ್ದು ಚೈತನ್ಯಳಿಗೆ ಒಬ್ಬಳಿಗೇ. ನೀವೇ ಯೋಚನೆ ಮಾಡಿ ಮೇಡಂ. ಬೇರೆ ಯಾರು ಹೇಳಿರಲು ಸಾಧ್ಯ?

ಇಂತಿ ನಿಮ್ಮ ವಿದ್ಯಾರ್ಥಿನಿ,
ಯಾಮಿನಿ


ಗೌರಿಬಿದನೂರು
26 ಅಕ್ಟೋಬರ್ 2024

ಪ್ರೀತಿಯ ಯಾಮಿನಿ,

ನಿನ್ನ ಕಾಗದ ಬಂದು ಐದು ದಿನವಾಯಿತು. ಉತ್ತರ ಬರೆಯಲು ಕೂತು ಎದ್ದಿದ್ದೇನೆ.

ನಿನ್ನ ಅಕ್ಕನ ವಿಷಯ ನನಗೆ ಗೊತ್ತಿರಲಿಲ್ಲ. ಗೊತ್ತಿದ್ದಿದ್ದರೆ ಎಂದು ಏನೋ ಬರೆಯಹೊರಟೆ, ಹೊಡೆದುಹಾಕಿದೆ.

ಚೈತನ್ಯಳ ಬಗ್ಗೆ ಅವಸರದಲ್ಲಿ ತೀರ್ಮಾನಿಸಬೇಡ. ಒಂದು ವಿಷಯ ಹೊರಬರಲು ನೂರು ದಾರಿ ಇರುತ್ತವೆ. ಬಸ್ಸಿನಲ್ಲಿ ಊರಿನವರು ಯಾರಾದರೂ ನೋಡಿರಬಹುದು. ಈಗೀಗ ಪ್ರತಿ ಅಂಗಡಿಯ ಮುಂದೂ ಕ್ಯಾಮೆರಾ. ಯಾರು ಎಂದು ಹುಡುಕುತ್ತ ಕೂತರೆ ಮನಸ್ಸು ಕೆಡುತ್ತದೆಯೇ ಹೊರತು ಹೋದವರು ಬರುವುದಿಲ್ಲ. ನೀನು ಮೊದಲು ಪರೀಕ್ಷೆಯ ಕಡೆ ಗಮನ ಕೊಡು. ಎರಡು ಅಧ್ಯಾಯದ ನೋಟ್ಸ್ ಇದರ ಜೊತೆ ಇಟ್ಟಿದ್ದೇನೆ. ಬೇಕಾದರೆ ನಾನೇ ಮೇಲೂರಿಗೆ ಬಂದು ನಿನ್ನ ತಂದೆಯವರ ಹತ್ತಿರ ಮಾತಾಡುತ್ತೇನೆ. ನರಸಿಂಹಪ್ಪನವರು ಹಿರಿಯರು, ಮೇಷ್ಟ್ರು ಎಂದರೆ ಮರ್ಯಾದೆ ಕೊಡುವವರು.

ಊಟ ಸರಿಯಾಗಿ ಮಾಡು.

ನಿನ್ನ ಮೇಡಂ,
ಶ್ರೀವಲ್ಲಿ


ಮೇಲೂರು
14 ನವೆಂಬರ್ 2024

ಮೇಡಂ, ನಮಸ್ಕಾರ.

ದಯವಿಟ್ಟು ಮನೆಗೆ ಬರಬೇಡಿ. ಅಣ್ಣನಿಗೆ ನಿಮ್ಮ ಮೇಲೆ ಬಹಳ ಗೌರವ. ನಿಮ್ಮ ಕಾಗದ ನನಗೆ ಬರುತ್ತದೆ ಅಂತ ಗೊತ್ತಾದರೆ ಆ ಗೌರವವೂ ಹೋಗುತ್ತದೆ.

ಮನೆಯಲ್ಲಿ ಈಗ ಹೇಗಿದೆ ಹೇಳುತ್ತೇನೆ. ನಮ್ಮ ಹುಳುಮನೆಯಲ್ಲಿ ರೇಷ್ಮೆ ಹುಳುಗಳ ಶಾಖ ನೋಡಿಕೊಳ್ಳಲು, ಇಲಿ ಬಂದರೆ ತಿಳಿಯಲು ಅಣ್ಣ ಒಂದು ಕ್ಯಾಮೆರಾ ಹಾಕಿಸಿದ್ದ. ಅದನ್ನು ಬಿಚ್ಚಿ ತಂದು ಮನೆಯ ಮುಂಬಾಗಿಲ ಮೇಲೆ ಹಾಕಿದ್ದಾನೆ. ಹುಳುಗಳಿಗೆ ಹೊಸದು ತಂದಿಲ್ಲ. ಈ ಕ್ಯಾಮೆರಾ ಬರೀ ನೋಡುವುದಿಲ್ಲ ಮೇಡಂ, ಮಾತೂ ಆಡುತ್ತದೆ. ಅಣ್ಣ ಶಿಡ್ಲಘಟ್ಟದ ಗೂಡಿನ ಮಾರ್ಕೆಟ್ಟಿನಲ್ಲಿ ನಿಂತುಕೊಂಡೇ, "ಯಾಮಿನಿ, ಗೇಟ್ ಹತ್ರ ಏನಮ್ಮ ಕೆಲ್ಸ?" ಅಂತಾನೆ. ಬಾಗಿಲ ಮೇಲಿಂದ ಅವನ ದನಿ ಬರುತ್ತದೆ. ಮೊದಲ ದಿನ ಕೈಯಲ್ಲಿದ್ದ ಸೊಪ್ಪಿನ ಪುಟ್ಟಿ ಬಿದ್ದುಹೋಯಿತು. ಬೈಯುವುದಿಲ್ಲ, ಕೂಗುವುದಿಲ್ಲ. "ಊಟ ಮಾಡಿದ್ಯೇನಮ್ಮ?" ಅಂತಲೂ ಅಲ್ಲಿಂದಲೇ ಕೇಳುತ್ತಾನೆ. ಅದಕ್ಕೆ ಉತ್ತರ ಕೊಡದಿದ್ದರೆ ಇನ್ನೊಂದು ಸಲ ಕೇಳುತ್ತಾನೆ.

ನಮ್ಮಜ್ಜಿ ಅಕ್ಕಯ್ಯಮ್ಮ ಅದಕ್ಕೆ ಹೆದರಲ್ಲ. ಸೆರಗು ಸರಿ ಮಾಡಿಕೊಂಡು ಅದರ ಕೆಳಗೆ ನಿಂತು, "ಏಮಿರಾ, ಏನೋ ನೋಡ್ತಾ ಇದೀಯ? ಮುದ್ಕಿ ಎಲಡ್ಕೆ ಹಾಕೋದನ್ನ ನೋಡ್ತೀಯ? ನೋಡ್ಕೋ" ಅಂತಾರೆ. ನನಗೆ ನಗು ಬರುತ್ತದೆ. ನಕ್ಕರೂ ಅವನಿಗೆ ಕಾಣಿಸುತ್ತದಲ್ಲ ಅಂತ ಒಳಗೆ ಹೋಗಿ ನಗುತ್ತೇನೆ.

ಇನ್ನೊಂದು ವಿಷಯ ಇದೆ. ಬರೆಯಬೇಕೋ ಬೇಡವೋ ಗೊತ್ತಿಲ್ಲ.

ದೀಪಾವಳಿ ಆದ ಮಾರನೇ ವಾರ ಚೈತನ್ಯ ಮನೆಗೆ ಬಂದಳು. ನಾನು ಮಾತಾಡಲಿಲ್ಲ. ಅವಳು ಅಳುತ್ತ, "ನಾನ್ ಹೇಳಿಲ್ಲ ಕಣೇ, ನಮ್ಮಮ್ಮನಾಣೆ ಹೇಳಿಲ್ಲ" ಅಂದಳು. ಅಣ್ಣ ಅಲ್ಲೇ ಇದ್ದ. ನನಗೆ ಏನಾಯಿತೋ. ಅವನ ಮುಂದೆಯೇ ಹೇಳಿಬಿಟ್ಟೆ: "ನಿನ್ ವಿಷ್ಯ ಯಾರಾದ್ರೂ ಮನೇಲ್ ಹೇಳಿದ್ರೆ ನಿಂಗೆ ಹೆಂಗಿರುತ್ತೆ? ಇನ್‌ಸ್ಟಾಗ್ರಾಮ್‌ನಲ್ಲಿ ಆ ಬಾಗೇಪಲ್ಲಿ ಹುಡುಗನ ಹತ್ರ ಮಾತಾಡ್ತೀಯಲ್ಲ, ಅದನ್ನ?" ಅವಳು ನನ್ನನ್ನು ನೋಡಿದ ರೀತಿ ಮೇಡಂ. ಅಣ್ಣ ಫೋನು ತೆಗೆದು ಹೊರಗೆ ಹೋದ. ಚೈತನ್ಯಳ ಅಪ್ಪ ಬಯ್ಯಪ್ಪನವರು ಅವನಿಗೆ ಪರಿಚಯ.

ಅವಳನ್ನೂ ಕಾಲೇಜು ಬಿಡಿಸಿದ್ದಾರೆ. ಹೊಡೆದರಂತೆ, ಎಡಗಿವಿ ಸರಿಯಾಗಿ ಕೇಳಿಸುತ್ತಿಲ್ಲ ಅಂತ ಕಮಲಕ್ಕ ಹೇಳಿದರು. ಅವಳು ಮಾಡಿದ್ದಕ್ಕೆ ಅವಳಿಗೆ ಆಯಿತು ಅಂತ ಅಂದುಕೊಳ್ಳುತ್ತೇನೆ. ಆದರೂ ಅನ್ನ ಸೇರುವುದಿಲ್ಲ. ನಾನು ಮಾಡಿದ್ದು ಸರಿ ಅಲ್ಲವಾ ಮೇಡಂ? ಅವಳೇ ತಾನೇ ಹೇಳಿದ್ದು?

ನಿಮ್ಮ ವಿದ್ಯಾರ್ಥಿನಿ,
ಯಾಮಿನಿ


ಗೌರಿಬಿದನೂರು
20 ನವೆಂಬರ್ 2024

ಯಾಮಿನಿ,

ಚೈತನ್ಯ ಹೇಳಲಿಲ್ಲ. ನಾನು ಹೇಳಿದೆ.

ಇದನ್ನು ಹೋದ ಕಾಗದದಲ್ಲೇ ಬರೆಯಬೇಕಾಗಿತ್ತು. ಬರೆದಿದ್ದರೆ ಆ ಹುಡುಗಿಯ ಕಿವಿ ಉಳಿಯುತ್ತಿತ್ತು. ಈಗ ಎಲ್ಲವನ್ನೂ ಇದ್ದದ್ದು ಇದ್ದ ಹಾಗೆ ಹೇಳುತ್ತೇನೆ, ಓದು.

ಗೈರುಹಾಜರಾದವರ ಮನೆಗೆ ಮೆಸೇಜು ಹೋಗುವ ವ್ಯವಸ್ಥೆ ಕಾಲೇಜಿನಲ್ಲಿತ್ತಲ್ಲ, ನಿನ್ನದು ನಿಮ್ಮಪ್ಪನ ಫೋನಿಗೆ ಹೋಗುತ್ತಿತ್ತು. ಅವರು ಓದುತ್ತಿರಲಿಲ್ಲ. ಆಗಸ್ಟಿನಲ್ಲಿ ನಾನೇ ಪೋಷಕರ ವಾಟ್ಸಾಪ್ ಗ್ರೂಪು ಮಾಡಿದೆ. ಓದದವರ ಜಾಗದಲ್ಲಿ ಓದುವವರ ನಂಬರು ಹುಡುಕಿ ಹಾಕಿದೆ. ನಿನ್ನ ಅಣ್ಣನ ನಂಬರು ಹಾಗೆ ಸೇರಿತು. ಪ್ರಿನ್ಸಿಪಾಲರು ಮೀಟಿಂಗಿನಲ್ಲಿ ನನ್ನನ್ನು ಎಬ್ಬಿಸಿ ನಿಲ್ಲಿಸಿ ಹೊಗಳಿದರು. ನನಗೆ ಖುಷಿಯಾಗಿತ್ತು.

ಸೆಪ್ಟೆಂಬರ್ ಐದು ಗುರುವಾರ. ಶಿಕ್ಷಕರ ದಿನಾಚರಣೆ. ಮಧ್ಯಾಹ್ನ ನೀನಿರಲಿಲ್ಲ. ಬೇರೆಯವರೂ ಇರಲಿಲ್ಲ, ಆದರೆ ನೀನು ಗುಲಾಬಿ ಕೊಡದೆ ಹೋದೆಯಲ್ಲ ಎಂದು ನನಗೆ ಸಣ್ಣ ಬೇಸರ. ಅವತ್ತಿನ ಮೆಸೇಜನ್ನು ನಾನೇ ಕೈಯಾರೆ ಹಾಕಿದೆ: "ಯಾಮಿನಿ ಇತ್ತೀಚೆಗೆ ಪ್ರತಿ ಗುರುವಾರ ಮಧ್ಯಾಹ್ನ ಗೈರು."

ಗಣೇಶನ ಹಬ್ಬ ಕಳೆದ ಸೋಮವಾರ ರಮೇಶ್‌ಬಾಬು ಬಂದರು. ಎಷ್ಟು ಮರ್ಯಾದೆಯಿಂದ ಮಾತಾಡಿದರು! "ತಾಯಿ ಇಲ್ಲದ ಮಗು ಮೇಡಂ, ನಮ್ಗೆ ಭಯ" ಎಂದರು. ಗೇಟಿನ ಕ್ಯಾಮೆರಾ ನೋಡಬಹುದೇ ಎಂದು ಕೇಳಿದರು. ಹೊರಗಿನವರಿಗೆ ತೋರಿಸಬಾರದು ಎಂದು ಆಫೀಸಿನವರು ಗೊಣಗಿದರು. ನಾನೇ ಹೇಳಿ ತೆರೆಸಿದೆ. ಅವರನ್ನು ಕುರ್ಚಿಯಲ್ಲಿ ಕೂರಿಸಿ, ಟೀ ತರಿಸಿ, ಮೌಸ್ ನಾನೇ ಹಿಡಿದೆ. ಮೂರು ಗುರುವಾರದ ಮಧ್ಯಾಹ್ನಗಳನ್ನು ಒಂದಾದ ಮೇಲೊಂದು ತೆಗೆದೆ. ಮೂರರಲ್ಲೂ ನೀನು ರಸ್ತೆ ದಾಟಿ ಒಂದೇ ಬಸ್ಸು ಹತ್ತುತ್ತೀಯ. ಬೋರ್ಡು ಮಸುಕಾಗಿತ್ತು. ನಾನು ದೊಡ್ಡದು ಮಾಡಿ ತೋರಿಸಿದೆ. ಚಿಂತಾಮಣಿ.

ಯಾರೋ ಹುಡುಗ ಇರಬೇಕು, ನಿನ್ನನ್ನು ಉಳಿಸುತ್ತಿದ್ದೇನೆ ಎಂದೇ ನಾನು ತಿಳಿದಿದ್ದೆ. ನಿನ್ನನ್ನು ಕರೆದು ಒಂದು ಮಾತು ಕೇಳಬಹುದಿತ್ತು. ನೀನು ದಿನವೂ ನನ್ನ ಎದುರಿಗೇ ಕೂರುತ್ತಿದ್ದೆ. ಕೇಳಲಿಲ್ಲ.

ಇದಿಷ್ಟೇ ಆಗಿದ್ದರೆ ಇನ್ನೊಂದು ಕಾಗದದ ಮಟ್ಟಿಗೆ ಸುಮ್ಮನಿರುತ್ತಿದ್ದೆನೇನೋ. ಅವರು ಎದ್ದು ಹೊರಟಾಗ ನಾನು ಒಂದು ಮಾತು ಹೇಳಿದೆ. "ಹೊಡೀಬೇಡಿ, ಬೈಬೇಡಿ ರಮೇಶ್. ಒಂದು ಸಲ ಹಿಂದೆ ಹೋಗಿ ನೋಡಿ, ಎಲ್ಲಿಗೆ ಹೋಗ್ತಾಳೆ ಅಂತ. ಆಮೇಲೆ ತೀರ್ಮಾನ ಮಾಡಿ." ನಿನ್ನ ಹಿಂದೆ ಹೋಗಿ ಎಂದು ಅವರಿಗೆ ಹೇಳಿಕೊಟ್ಟವಳು ನಾನು.

ಸೆಪ್ಟೆಂಬರ್ ಕೊನೆಯಲ್ಲಿ ಅವರು ಸ್ಟಾಫ್ ರೂಮಿಗೆ ಒಂದು ಬುಟ್ಟಿ ದ್ರಾಕ್ಷಿ ತಂದರು. "ನಿಮ್ಮಿಂದ ನಮ್ಮನೆ ಮಾನ ಉಳೀತು ಮೇಡಂ" ಎಂದರು. ನಿನ್ನ ಹೆಸರು ತೆಗೆದುಹಾಕಿ ಎಂದರು. ಎಲ್ಲರೂ ದ್ರಾಕ್ಷಿ ತಿಂದರು. ನಾನೂ ತಿಂದೆ. ಮಾರನೇ ದಿನ ಯಾರೋ ಚಿಂತಾಮಣಿಯ ಮೋಟರ್ ಅಂಗಡಿಯ ಗಲಾಟೆಯ ಸುದ್ದಿ ಹೇಳಿದರು. ಏನೋ ಕೆಟ್ಟದಾಗಿದೆ ಎಂದು ಆಗಲೇ ಅನ್ನಿಸಿತು. ತಂದೆಗೆ ವಯಸ್ಸಾಯಿತು ಎಂದು ನಿನಗೆ ಬರೆದದ್ದು ಸುಳ್ಳು. ಅಲ್ಲಿ ಇರಲಾಗದೆ ಬಂದೆ.

ಚೈತನ್ಯಳಿಗೂ ಬರೆಯಬೇಕು. ಅವಳಿಗೆ ಕಾಗದ ತಲುಪುವ ದಾರಿ ಗೊತ್ತಿಲ್ಲ. ನೀನು ಏನು ಬೇಕಾದರೂ ಬರೆ, ಬೈದು ಬರೆ. ಬರೆ.

ಶ್ರೀವಲ್ಲಿ


ಗೌರಿಬಿದನೂರು
2 ಜನವರಿ 2025

ಯಾಮಿನಿ,

ಆರು ವಾರವಾಯಿತು. ಕಾಗದ ಕೈಸೇರಿದೆ ಎಂದು ಕಮಲಮ್ಮ ಹೇಳಿದರು. "ಓದಿದ್ಲು ಮೇಡಂ. ಓದ್ಬುಟ್ಟು ಅರ್ಧ ಹೊಲಿದಿದ್ದ ಲಂಗ ಪೂರ್ತಿ ಮಾಡಿ ಎದ್ದೋದ್ಲು." ಇಷ್ಟೇ ಹೇಳಿದರು.

ಹೋದ ಭಾನುವಾರ ಚಿಂತಾಮಣಿಗೆ ಹೋಗಿದ್ದೆ. ಅಂಗಡಿ ಹುಡುಕಿದೆ. ಈಗ ಅಲ್ಲಿ ಮೊಬೈಲ್ ಕವರ್ ಮಾರುತ್ತಾರೆ. ಮನೆಯ ಮಾಲೀಕರು ನಲ್ಲಪ್ಪ ಎನ್ನುವವರು. ನಾನು ಬಾಗಿಲು ತಟ್ಟಿದ ಕೂಡಲೇ, "ಇನ್ನೂ ಎಷ್ಟ್ ಜನ ಬರ್ತೀರಮ್ಮ ಕೇಳ್ಕೊಂಡು? ಅವ್ರು ಎಲ್ಲಿಗ್ ಹೋದ್ರೋ ನಂಗೊತ್ತಿಲ್ಲ" ಎಂದು ಬಾಗಿಲು ಹಾಕಿಕೊಂಡರು.

ನನ್ನ ಜೊತೆ ಓದಿದವರೊಬ್ಬರು ಪೊಲೀಸ್ ಇಲಾಖೆಯಲ್ಲಿದ್ದಾರೆ. ಕಾಣೆಯಾಗಿದ್ದಾರೆ ಎಂದು ಒಂದು ದೂರು ಕೊಟ್ಟರೆ ಸಾಕಂತೆ, ಹೊಸ ಸಿಮ್ ಆಧಾರ್ ಮೇಲೆ ಇದ್ದೇ ಇರುತ್ತದೆ, ಮಗುವಿಗೆ ಲಸಿಕೆ ಹಾಕಿಸಿದ ಕಡೆ ಹೆಸರಿರುತ್ತದೆ, ಹುಡುಕುವುದು ಕಷ್ಟವಲ್ಲ ಎಂದರು. ಸಿಕ್ಕರೆ ನಾನೇ ಹೋಗಿ ಪದ್ಮಶ್ರೀಯ ಮುಂದೆ ನಿಂತು, ತಪ್ಪು ನನ್ನದು, ನಿನ್ನ ತಂಗಿಯದಲ್ಲ ಎಂದು ಹೇಳುತ್ತೇನೆ. ಅಷ್ಟಾದರೂ ಮಾಡಲು ಬಿಡು. ನೀನು ಹೂಂ ಅಂದರೆ ನಾಳೆಯೇ ದೂರು ಕೊಡುತ್ತೇನೆ.

ಶ್ರೀವಲ್ಲಿ


ಮೇಲೂರು
9 ಫೆಬ್ರವರಿ 2025

ಶ್ರೀವಲ್ಲಿ ಮೇಡಂ,

ದೂರು ಕೊಡಬೇಡಿ.

ನಿಮಗೆ ಬರೆಯಬಾರದು ಅಂತ ಇದ್ದೆ. ನೀವು ಹುಡುಕಲು ಹೊರಟಿದ್ದೀರಿ ಅಂತ ಬರೆಯುತ್ತಿದ್ದೇನೆ. ದೂರು ಕೊಟ್ಟರೆ ಸ್ಟೇಷನ್ನಿನವರು ಮೊದಲು ಫೋನ್ ಮಾಡುವುದು ಅಪ್ಪನಿಗೆ. ನಿಮ್ಮ ಜೊತೆ ಓದಿದವರಿಗೆ ಸಿಗುವ ವಿಳಾಸ ಅಣ್ಣನ ಜೊತೆ ಓದಿದವರಿಗೂ ಸಿಗುತ್ತದೆ. ಇದು ನಿಮಗೆ ಹೊಳೆಯಲಿಲ್ಲವಾ?

ನಿಮ್ಮ ನವೆಂಬರಿನ ಕಾಗದ ಓದಿದ ಮೇಲೆ ಚೈತನ್ಯಳ ಮನೆಗೆ ಹೋದೆ. ಅಜ್ಜಿಯ ಜೊತೆ ದೇವಸ್ಥಾನಕ್ಕೆ ಅಂತ ಹೇಳಿ ಹೋದೆ. ಅವಳು ಹಿತ್ತಲಲ್ಲಿ ಪಾತ್ರೆ ತೊಳೆಯುತ್ತಿದ್ದಳು. "ತಪ್ಪಾಯ್ತು ಕಣೇ" ಅಂದೆ. ಎಡಗಡೆ ನಿಂತಿದ್ದೆ, ಕೇಳಿಸಲಿಲ್ಲ. ಬಲಗಡೆ ಬಂದು ಇನ್ನೊಂದು ಸಲ ಹೇಳಿದೆ. ಅವಳು ಸುತ್ತಲೂ ನೋಡಿ ಮೆಲ್ಲಗೆ, "ನೀನ್ ಇಲ್ಲಿಗ್ ಬಂದಿದ್ದು ಯಾರಾದ್ರೂ ನೋಡುದ್ರಾ?" ಅಂದಳು. ಬೇರೆ ಏನೂ ಕೇಳಲಿಲ್ಲ. ನಾನು ಬಂದುಬಿಟ್ಟೆ.

ನೀವು ಒಳ್ಳೆಯವರು ಮೇಡಂ. ಅಣ್ಣನೂ ಒಳ್ಳೆಯವನೇ, ನನಗೆ ಜ್ವರ ಬಂದರೆ ರಾತ್ರಿಯೆಲ್ಲ ಕೂತಿರುತ್ತಾನೆ. ಎಲ್ಲರೂ ನನ್ನ ಒಳ್ಳೆಯದಕ್ಕೇ ನೋಡಿದ್ದು. ಅದಕ್ಕೇ ಯಾರ ಮೇಲೂ ಪೂರ್ತಿ ಸಿಟ್ಟು ಮಾಡಲು ಆಗುತ್ತಿಲ್ಲ. ಚೈತನ್ಯಳನ್ನು ಹಿಡಿದುಕೊಟ್ಟವಳು ನಾನು, ನನಗೆ ಆ ನೆಪವೂ ಇಲ್ಲ.

ಅಣ್ಣನ ಫೋನಿನಲ್ಲಿ ಒಂದು ವೀಡಿಯೋ ಇದೆ. ಆವತ್ತು ಚಿಂತಾಮಣಿಯಲ್ಲಿ ನನ್ನ ಹಿಂದೆ ಬಂದಾಗ ತೆಗೆದದ್ದು, ಹನ್ನೊಂದು ಸೆಕೆಂಡು. ಮನೆ ಗುರುತಿಗೆ ತೆಗೆದಿದ್ದನಂತೆ, ಅಳಿಸಿಲ್ಲ. ಅಜ್ಜಿ ಆಗಾಗ, "ನಮ್ ಪದ್ದೀನ ಒಂದ್ ಸತಿ ತೋರ್ಸಪ್ಪ" ಅಂತಾರೆ. ಅವನು ತೋರಿಸುತ್ತಾನೆ. ಮೊನ್ನೆ ಅಪ್ಪ ಕೂಡ ಕನ್ನಡಕ ಹಾಕಿಕೊಂಡು ಬಂದು ಹಿಂದೆ ನಿಂತರು. ನನ್ನ ಬೆನ್ನು ಕಾಣುತ್ತದೆ, ಕಾಲೇಜು ಬ್ಯಾಗು ಕಾಣುತ್ತದೆ. ಅಕ್ಕ ಬಾಗಿಲು ತೆಗೆಯುತ್ತಾಳೆ. ಸೊಂಟದ ಮೇಲೆ ಮಗು. ನನ್ನನ್ನು ನೋಡಿ ನಗುತ್ತಾಳೆ. ಆ ಮಗುವಿನ ಚಿತ್ರ ಅಂತ ನಮ್ಮ ಮನೆಯಲ್ಲಿ ಇರುವುದು ಅದೊಂದೇ. ಅಪ್ಪ, "ಇನ್ನೊಂದ್ ಸತಿ ಹಾಕು" ಅಂದರು. ಅಣ್ಣ ಹಾಕಿದ. ನಾವು ನಾಲ್ಕೂ ಜನ ಸೇರಿ ನೋಡಿದೆವು.

ಅಕ್ಕನ ಮನಸ್ಸಿನಲ್ಲಿ ನಾನೇ ಹಿಡಿದುಕೊಟ್ಟೆ ಅಂತ ಇದೆ. ಇರಲಿ. ಹಾಗೆ ಅಂದುಕೊಂಡಷ್ಟು ದಿನ ಅವಳು ನನ್ನನ್ನು ಹುಡುಕಿಕೊಂಡು ಬರುವುದಿಲ್ಲ, ಮೆಸೇಜು ಮಾಡುವುದಿಲ್ಲ. ಅವಳು ಬದುಕಿರಬೇಕಾದರೆ ನನ್ನನ್ನು ನಂಬಬಾರದು. ನೀವು ಅವಳಿಗೆ ನಿಜ ಹೇಳಿದರೆ ಅವಳು ಒಂದು ದಿನ ಫೋನು ಆನ್ ಮಾಡುತ್ತಾಳೆ. ನಿಮ್ಮ ಮನಸ್ಸು ಹಗುರ ಮಾಡಿಕೊಳ್ಳಲು ಅಷ್ಟು ಮಾಡಬೇಡಿ. ಯಾವುದಾದರೂ ಬಸ್‌ಸ್ಟ್ಯಾಂಡಿನಲ್ಲಿ, ಆಸ್ಪತ್ರೆಯಲ್ಲಿ, ಬಲಗೈ ಸೊಟ್ಟಗಿರುವ ಗಂಡನ ಜೊತೆ ಅಂಥವಳೊಬ್ಬಳು ಕಂಡರೆ ಗುರುತು ಹಿಡಿಯಬೇಡಿ. ಬೇರೆ ಕಡೆ ತಿರುಗಿ.

ನನಗೆ ಮದುವೆ ಗೊತ್ತಾಗಿದೆ. ಏಪ್ರಿಲ್‌ಗೆ ಹದಿನೆಂಟು ತುಂಬುತ್ತದೆ, ಛತ್ರದವರು ಆಧಾರ್ ಕೇಳುತ್ತಾರೆ ಅಂತ ಮೇ ತಿಂಗಳವರೆಗೆ ಕಾಯುತ್ತಿದ್ದಾರೆ. ಹುಡುಗನಿಗೆ ದ್ರಾಕ್ಷಿ ತೋಟ ಇದೆ. ನೋಡಲು ಬಂದ ದಿನವೇ, ಮನೆ ಸುತ್ತ ಎಂಟು ಕ್ಯಾಮೆರಾ ಇದೆ, ಹೆಣ್ಣುಮಕ್ಕಳಿಗೆ ಏನೂ ಭಯ ಇಲ್ಲ ಅಂತ ಅವರಪ್ಪ ಹೇಳಿದರು. ನಮ್ಮಪ್ಪನಿಗೆ ಸಂತೋಷವಾಯಿತು. ನಾನು ಹೂಂ ಅಂದೆ. ಯಾರೂ ಹೊಡೆದು ಹೂಂ ಅನ್ನಿಸಲಿಲ್ಲ, ಅದನ್ನೂ ಬರೆಯಬೇಕು.

ನಿಮ್ಮ ನೋಟ್ಸು ಕಮಲಕ್ಕನ ಹತ್ತಿರ ಕೊಟ್ಟಿದ್ದೇನೆ. ಚೈತನ್ಯ ಖಾಸಗಿಯಾಗಿ ಪರೀಕ್ಷೆ ಕಟ್ಟಿದರೆ ಅವಳಿಗೆ ಆಗುತ್ತದೆ. ಇನ್ನು ಅಂಗಡಿಗೆ ಕಾಗದ ಹಾಕಬೇಡಿ, ಕಮಲಕ್ಕನಿಗೆ ತೊಂದರೆಯಾಗುವುದು ಬೇಡ.

ಮದುವೆಯಾಗಿ ಯಾವ ಊರಿಗೆ ಹೋಗುತ್ತಿದ್ದೇನೆ ಅಂತ ನಿಮಗೆ ಬರೆಯುವುದಿಲ್ಲ. ಸಿಟ್ಟಿಗಲ್ಲ ಮೇಡಂ. ಯಾರಾದರೂ ಬಂದು ಮರ್ಯಾದೆಯಿಂದ ಕೇಳಿದರೆ ನೀವು ಹೇಳಿಬಿಡುತ್ತೀರಿ.

ಯಾಮಿನಿ